ಸಾಹೇಬರ ಹೆಸರಿಗೆ ಬಂದ ನೋಟಿಸು

“ಇದು ಜೆರಾಕ್ಸ್. ಒರಿಜಿನಲ್ ಎಲ್ಲಿ?”

ಹೈಕೋರ್ಟಿನ ಆದೇಶ ಹಿಡಿದು ಹೋದ ಮಾದೇವಿಗೆ ಆ ಕಚೇರಿಯಲ್ಲಿ ಎದುರಾದ ಮೊದಲ ಪ್ರಶ್ನೆ ಅದು. (ಕಚೇರಿಯ ಹೆಸರು ಬೇಡ. ಅಂಥದ್ದೊಂದು ನಿಮ್ಮೂರಲ್ಲೂ ಇದ್ದೀತು.)

ಮಾದೇವಿ ಕಡಲಂಚಿನ ಬೆಳಕೆ ಊರಿನವಳು. ನಮ್ಮ ಮನೆಗೆ ಮೀನು ಕೊಡುವವಳು. ಕಡಲಿನಿಂದ ಹೆದ್ದಾರಿಗೆ ಬರುವ ಅವರ ಕೇರಿಯ ದಾರಿಗೆ ಅಡ್ಡವಾಗಿ ಆ ಕಚೇರಿಯವರು ಗೋಡೆ ಕಟ್ಟಿದ್ದರು. ಕೇರಿಯವರು ಕೋರ್ಟಿಗೆ ಹೋಗಿ ಗೆದ್ದರು. ಮೂರು ತಿಂಗಳೊಳಗೆ ಗೋಡೆ ತೆಗೆಯಿರಿ ಎಂದಿತು ಆದೇಶ.

ಎರಡು ವರ್ಷ ಕಳೆಯಿತು. ಗೋಡೆಗೆ ಎರಡು ಸಲ ಸುಣ್ಣ ಬಳಿದರು!

ಕಳೆದ ಮಳೆಗಾಲದಲ್ಲಿ ಮಾದೇವಿಯ ಗಂಡ ದೋಣಿ ಎಳೆಯುವಾಗ ಜಾರಿ ಕಾಲು ಮುರಿದುಕೊಂಡ. ಆಂಬುಲೆನ್ಸ್ ಗೋಡೆಯ ಆಚೆ ನಿಂತಿತ್ತು. ಅವನನ್ನು ಪ್ಲಾಸ್ಟಿಕ್ ಕುರ್ಚಿಯಲ್ಲಿ ಕೂರಿಸಿ, ಕೆಸರುಗದ್ದೆ ಸುತ್ತಿ ಮಾದೇವಿಯೂ ಕೇರಿಯವರೂ ಹೊತ್ತು ತಂದರು. ದಾರಿಯುದ್ದಕ್ಕೂ ಅವನು ಕೂಗುತ್ತಿದ್ದನಂತೆ. ಈಗ ಕುಂಟುತ್ತಾನೆ. ದೋಣಿ ಹತ್ತುವುದಿಲ್ಲ.

ಕಳೆದ ತಿಂಗಳು ನಾನೂ ಅವಳ ಜೊತೆ ಕಚೇರಿಗೆ ಹೋದೆ. ಸರ್ವೆ ಆಗಬೇಕು, ಅನುಮತಿಗೆ ಫೈಲು ‘ಮೇಲೆ’ ಹೋಗಿದೆ ಎಂದರು. (ಕಟ್ಟಡಕ್ಕೆ ಮಹಡಿಯೇ ಇಲ್ಲ.) ಕಾದು ಕಾದು ಸಾಹೇಬರನ್ನು ಕಂಡೆವು.

“ಕೋರ್ಟು ಹೇಳ್ತದೆ ಮೇಡಂ. ಕೋರ್ಟಿಗೆ ಫೀಲ್ಡ್ ಗೊತ್ತಾ?” ಎಂದರು ಸಾಹೇಬರು.

ಮಾದೇವಿ ನನ್ನತ್ತ ತಿರುಗಿದಳು. “ಫೀಲ್ಡ್ ಅಂದ್ರೆ ಎಂತ ಅಕ್ಕೋರೆ? ಆ ಗೋಡೆ ಸುತ್ತಿ ಗಂಡನ್ನ ಹೊತ್ಕಂಡ್ ಬಂದದ್ದು ನಾನಲ್ವಾ?”

ಸಾಹೇಬರಿಗೆ ಅರ್ಜೆಂಟಾಗಿ ಫೋನು ಬಂತು.

ಕೇರಿಯವರ ವಕೀಲರು ನ್ಯಾಯಾಂಗ ನಿಂದನೆ ಅರ್ಜಿ ಹಾಕಿದರು. ಹೋದ ಗುರುವಾರ ನೋಟಿಸು ಬಂತು. ಮೊದಲಿನ ಆದೇಶ ಕಚೇರಿಯ ಹೆಸರಿಗಿತ್ತು. ಈ ನೋಟಿಸು ಸಾಹೇಬರ ಸ್ವಂತ ಹೆಸರಿಗೆ, ಖುದ್ದು ಹಾಜರಾಗಿ ಎಂದು.

ಶುಕ್ರವಾರ ಬೆಳಿಗ್ಗೆ ಏಳಕ್ಕೇ ಬೆಳಕೆಯಲ್ಲಿ ಜೆಸಿಬಿ!

ಎರಡು ವರ್ಷ ಅರ್ಥವಾಗದ ಕಾಗದ ಒಂದೇ ರಾತ್ರಿಯಲ್ಲಿ ಹೇಗೆ ಅರ್ಥವಾಯಿತು? ಸರ್ವೆ ಬೇಡವಾಯಿತೇ? ಮೇಲಿನ ಅನುಮತಿ? ಆ ಪ್ರಸಿದ್ಧ ಫೀಲ್ಡು? ನಮ್ಮ ಆಫೀಸರುಗಳಿಗೆ ಕಾನೂನು ತಿಳಿಯುವುದಿಲ್ಲ ಎನ್ನಬೇಡಿ. ತಮ್ಮ ಕುರ್ಚಿ ಅಲುಗಿದರೆ ಚೆನ್ನಾಗಿಯೇ ತಿಳಿಯುತ್ತದೆ.

ಕಾಲು ಗಂಟೆಯಲ್ಲಿ ಗೋಡೆ ನೆಲಕಚ್ಚಿತು. ಸಾಹೇಬರು ಮೊಬೈಲು ತೆಗೆದರು. ಕೋರ್ಟಿಗೆ ಫೋಟೊ ಬೇಕಲ್ಲ?

“ಅಮ್ಮಾ, ದಾರಿಯಲ್ಲಿ ನಿಂತ್ಕೊಳ್ಳಿ. ಸ್ವಲ್ಪ ನಗಿ.”

“ನಂಗೆ ನಗೆ ಬತ್ತಿಲ್ಲ ಸಾಹೇಬ್ರೆ. ನೀವೇ ನಿಂತ್ಕಣಿ” ಎಂದು ಮಾದೇವಿ ಬುಟ್ಟಿ ತಲೆಗೇರಿಸಿ ಅವರನ್ನು ದಾಟಿ ಹೆದ್ದಾರಿಗೆ ನಡೆದಳು.

ಸಾಹೇಬರ ಅಫಿಡವಿಟ್ಟನ್ನು ವಕೀಲರು ಓದಿ ಹೇಳಿದರು. ಘನ ನ್ಯಾಯಾಲಯದ ಮೇಲೆ ಅಪಾರ ಗೌರವವಂತೆ. ವಿಳಂಬಕ್ಕೆ ಬೇಷರತ್ ಕ್ಷಮೆಯಂತೆ. ಪೂರಾ ನಾಲ್ಕು ಪುಟ. ಮಾದೇವಿಯ ಗಂಡನ ಬಗ್ಗೆ ಒಂದು ಸಾಲೂ ಇಲ್ಲ.

ಕ್ಷಮೆ ಕೇಳಿದ್ದು ಕೋರ್ಟಿಗೆ. ನಿಂದನೆ ಆದದ್ದು ಯಾರಿಗೆ?