ಎರಡು ಕಡೆ ಹೆಸರು

ಅವರ ಎಡಗಿವಿಯ ಹಿಂದೆ ಒಂದೆಳೆ ಬಣ್ಣ ಸದಾ ಉಳಿದಿರುತ್ತಿತ್ತು. ದೇವದುರ್ಗದ ಕಡೆ ನಾಟಕ ಮುಗಿಸಿ ಮೊದಲ ಬಸ್ಸಿಗೆ ರಾಯಚೂರಿಗೆ ಮರಳಿದ ಮೇಲೆ, ಅಷ್ಟನ್ನು ಒರೆಸುವ ಶಕ್ತಿ ಅವರಿಗಿರುತ್ತಿರಲಿಲ್ಲ. ನಮ್ಮ ಪಕ್ಕದ ಮನೆಯ ಆ ನಟಿ ಬರೆಯುತ್ತಲೂ ಇದ್ದರು. ಬಸ್ಸಿನಲ್ಲಿ, ಸಂತೆಯಲ್ಲಿ ಯಾರದಾದರೂ ಮಾತು ಹಿಡಿಸಿದರೆ "ಇನ್ನೊಮ್ಮಿ ಹೇಳ್ರಿ" ಎಂದು ಕೇಳಿ, ಹಳೆಯ ನಾಟಕದ ಕರಪತ್ರದ ಬೆನ್ನಿಗೆ ಬರೆದುಕೊಳ್ಳುತ್ತಿದ್ದರು.

"ನಿಮ್ಮವ್ವ ಬೈಯೋದು ಭಾಳ ಚಲೋ ಅದ ಬೇ, ಕಿಡಕಿ ತಗದಿಡು" ಎಂದು ನನಗೊಮ್ಮೆ ಹೇಳಿದ್ದರು.

ಆ ಚೀಟಿಗಳಿಂದಲೇ ಎರಡು ವರ್ಷ ಕೂತು ಒಂದು ಸಿನಿಮಾ ಬರೆದರು. ನಾನು ಟೈಪ್ ಮಾಡಿಕೊಟ್ಟೆ. ಕೃಷ್ಣೆಯ ದಂಡೆಯಲ್ಲಿರುವ ಗೂಗಲ್ ಎಂಬ ಹಳ್ಳಿಯಲ್ಲಿ ಚಿತ್ರೀಕರಣವಾಯಿತು. ತಾಯಿಯ ಪಾತ್ರವನ್ನೂ ಅವರೇ ಮಾಡಿದರು.

ಮಾನ್ವಿಯ ಮೊದಲ ಪ್ರದರ್ಶನಕ್ಕೆ ನನ್ನನ್ನೂ ಕರೆದೊಯ್ದರು. ಪರದೆಯ ಮೇಲೆ ಕತೆ, ಸಂಭಾಷಣೆ ಎರಡೂ ನಿರ್ದೇಶಕನ ಹೆಸರಿನಲ್ಲಿದ್ದವು. ಅವರ ಹೆಸರು ನಟರ ಸಾಲಿನಲ್ಲಿ ಮಾತ್ರ ಇತ್ತು. ಮುಗಿದ ಮೇಲೆ ಅವನನ್ನು ಕೇಳಿದರು: "ಬರದಾಕಿ ನಾನಲ್ಲೇನ್ರೀ?"

"ಅಕ್ಕಾರ, ನಟಿ ಅಂತ ಒಂದ್ ಕಡಿ ಅದಲ್ಲ" ಎಂದು ಅವನು ನಕ್ಕ. "ಒಬ್ಬ ಹೆಣ್ಮಗಳಿಗೆ ಎರಡು ಕಡಿ ಹೆಸರು ಯಾಕ್ರೀ?"

ಅವರು ಮೆಟ್ಟಿಲ ಮೇಲೆ ಕುಳಿತು ಕನ್ನಡಕ ಹಾಕಿಕೊಂಡರು.

"ಇನ್ನೊಮ್ಮಿ ಹೇಳ್ರಿ."

ಅವನು ಹೇಳಿದ. ಅವರು ಬರೆದುಕೊಂಡರು.

ದಾರಿಯುದ್ದಕ್ಕೂ ಬಸ್ಸಿನಲ್ಲಿ ನಿದ್ದೆ ಮಾಡಿದರು. ಮರುದಿನ ಬೆಳಗ್ಗೆ ನನ್ನನ್ನು ಕರೆದು ಹೊಸ ಕತೆ ಟೈಪ್ ಮಾಡಲು ಕೂರಿಸಿದರು. ಮೊದಲ ಸಾಲಿಗೆ ತಮ್ಮ ಹೆಸರು ಹಾಕಿಸಿದರು. ಎರಡನೆಯದಕ್ಕೆ ಅವನ ಮಾತು.