ಗಿರಿಯಮ್ಮ ಬಾಕಿ ಇಟ್ಟ ಉತ್ತರ

ಧರ್ಮಪುರದ ಕಡೆ ನೆಲ ಹೊರಳುತ್ತದೆ. ನಡುಗುವುದಿಲ್ಲ, ಬಿರಿಯುವುದಿಲ್ಲ, ಬೆಳಿಗ್ಗೆ ಐಮಂಗಲಕ್ಕೆ ಹೋಗಿದ್ದ ದಾರಿ ಸಂಜೆ ಯಾರೂ ಕಂಡಿಲ್ಲದ ಊರಿಗೆ ಹೋಗುತ್ತದೆ, ಅಷ್ಟೇ. ಹಾಗೆ ಹೊರಳಿದ ಕಡೆ ಸಿಕ್ಕಿಕೊಂಡವರು ಮರಳಿ ಬಂದಿಲ್ಲ. ಆದರೂ ಮನೆಗಳು ನಿಂತಿವೆ. ಇದನ್ನು ವಿವರಿಸುವ ಸಿದ್ಧಾಂತಕ್ಕೆ ಕಾಲೇಜಿನ ಪುಸ್ತಕದಲ್ಲಿ ‘ಬಾಕಿಸ್ಥೈರ್ಯ’ ಎಂಬ ಹೆಸರಿದೆ. ಒಂದು ಜಾಗದಲ್ಲಿ ಶುರುವಾದದ್ದು ಮುಗಿಯದೆ ಉಳಿದಿದ್ದು, ಅದು ಮುಗಿಯಲೆಂದು ಯಾರಾದರೂ ಮನಸ್ಸಿಟ್ಟು ಕಾಯುತ್ತಿದ್ದರೆ ಆ ಜಾಗ ಹೊರಳದು. ಒಲೆಯ ಮೇಲಿನ ಸಾರಿನಂಥ ಚಿಲ್ಲರೆ ಬಾಕಿ ಇದಕ್ಕೆ ಸಾಲದು.

ಗಿರಿಯಮ್ಮ ಆ ಪುಸ್ತಕ ಓದಿದವಳಲ್ಲ. ಹೊಳಲ್ಕೆರೆ ಕಡೆಯಿಂದ ಈ ಒಂಟಿಮನೆಗೆ ಸೊಸೆಯಾಗಿ ಬಂದ ಹೊಸತರಲ್ಲೇ ಅತ್ತೆ ಬಸಮ್ಮ ಅವಳನ್ನು ಕಂಬಳಿ ಮಗ್ಗದ ಗುಂಡಿಗೆ ಇಳಿಸಿದ್ದಳು. “ನೇಯ್ದ ಕಂಬಳಿ ಒಂದನ್ನ ಮಗ್ಗದಿಂದ ಕುಯ್ಯೋಕೆ ಮುಂಚೆ ಪಕ್ಕದ ಮಗ್ಗದಾಗೆ ಇನ್ನೊಂದು ಶುರು ಆಗಿರ್ಬೇಕವ್ವ. ಎರಡೂ ಖಾಲಿ ಬಿಟ್ಟಿಯೋ, ಮನೆ ಹೋಯ್ತು.” ಅತ್ತೆ ತೀರಿಕೊಂಡ ಮೇಲೂ ಗಿರಿಯಮ್ಮ ಆ ಮಾತು ಮೀರಿರಲಿಲ್ಲ.

ಆ ದಿನ ಮೀರಿದಳು. ಕಂಬಳಿ ಒಯ್ಯಲು ಹೊಸದುರ್ಗದಿಂದ ಬಂದ ಮದುವೆಮನೆಯವರು ಬಸ್ಸಿನ ಹೊತ್ತಾಯಿತೆಂದು ಅಂಗಳದಲ್ಲಿ ಚಡಪಡಿಸುತ್ತಿದ್ದರು. ಮುಂದಿನ ಕಂಬಳಿಯ ಹಾಸು, ಅಂದರೆ ಉದ್ದದ ಎಳೆಗಳು, ಹುಣಸೆಬೀಜದ ಗಂಜಿ ಹಚ್ಚಿಸಿಕೊಂಡು ಗೂಟದಿಂದ ಗೂಟಕ್ಕೆ ಬಿಗಿದು ನಿಂತಿದ್ದವು. ಮೋಡದ ದಿನ, ಗಂಜಿ ಆರಿರಲಿಲ್ಲ. ‘ಹಾಸು ಕಟ್ಟಿಯಾಗಿದೆಯಲ್ಲ, ಶುರುವಾದಂತೆಯೇ’ ಎಂದುಕೊಂಡ ಗಿರಿಯಮ್ಮ ಮಗ್ಗದ ಮೇಲೆ ನೇಯ್ದು ಮುಗಿದಿದ್ದ ಕಂಬಳಿಯನ್ನು ಕುಯ್ದು ಕೊಟ್ಟಳು.

ಅವರು ಹೋದ ಸ್ವಲ್ಪ ಹೊತ್ತಿಗೆ, ಇಳಿಹೊತ್ತಿನಲ್ಲಿ, ಬಾಗಿಲೆದುರಿನ ಬೇವಿನ ಮರ ಇರಲಿಲ್ಲ. ಅಲ್ಲಿ ಯಾರದೋ ಶೇಂಗಾ ಹೊಲವಿತ್ತು.

“ಅವ್ವಾ!” ಹಿರಿಯೂರಿನ ಕಾಲೇಜಿನಲ್ಲಿ ಓದುವ ಮಗಳು ಮಮತಾ ಓಡಿಬಂದಳು. “ಅಡ್ಡ ಎಳೆ ಒಂದೂ ಹಾಯ್ದಿಲ್ಲ. ಹಾಯೋತನಕ ಅದು ಶುರು ಅಲ್ಲ!”

“ನಿಮ್ಮಪ್ಪ ಕುರಿ ಹೊಡ್ಕಂಡು ಕೆರೆಯಾಚೆ ಹೋಗೈತೆ ಕಣೇ.”

ಗಿರಿಯಮ್ಮ ಹಸಿ ಹಾಸನ್ನೇ ತಂದು ಮಗ್ಗಕ್ಕೆ ಕಟ್ಟಿದಳು. ಹಾಸನ್ನು ಎಳೆದು ಹಿಡಿಯುವ ಸೊಂಟದ ಪಟ್ಟಿ ಬಿಗಿಯುತ್ತಲೇ ಎಳೆಗಳು ಪಟಪಟನೆ ಕಿತ್ತುಬಂದವು. ಇನ್ನೊಮ್ಮೆ ಬಿಗಿದಳು. ಮತ್ತೆ ಕಿತ್ತವು. ದೂರದಲ್ಲಿ ಕುರಿಗಳ ಗಂಟೆ ಒಮ್ಮೆ ಎಡಗಡೆಯಿಂದ ಕೇಳಿಸಿತು, ಒಮ್ಮೆ ಮನೆಯ ಹಿಂದಿನಿಂದ, ಆಮೇಲೆ ಎಲ್ಲಿಂದಲೂ ಇಲ್ಲ.

ಅಷ್ಟರಲ್ಲಿ ಗಂಡ ಈರಬಸಪ್ಪನ ಕೂಗು ಬಂತು. ಮಬ್ಬಿನಲ್ಲಿ ಕುರಿ ತರುವ ಗಂಡಸು ಕೂಗಬೇಕು, ಮನೆಯ ಹೆಂಗಸು ‘ಓ’ ಅನ್ನಬೇಕು. ದನಿ ಹಿಡಿದು ಅವನು ಬರುತ್ತಾನೆ. ಅದು ಅವರ ಪದ್ಧತಿ. ಆದರೆ ಅವನು ಬರೀ ಕೂಗಲಿಲ್ಲ.

“ಗಿರೀ… ಬೆಳಿಗ್ಗೆ ಕೇಳಿದ್ನಲ್ಲೇ! ಇನ್ನೂ ಸಿಟ್ಟು ಐತಾ?”

ಗಿರಿಯಮ್ಮ ಬಾಟಲಿ ಹಾಲು ಕುಡಿಸಿ ಸಾಕಿದ್ದ ಕರಿಯನೆಂಬ ಟಗರನ್ನು ಅವನು ಹೇಳದೆ ಮಾರಿದ್ದ. ಬೆಳಿಗ್ಗೆ ಇದೇ ಬಾಗಿಲಲ್ಲಿ ಈ ಮಾತು ಕೇಳಿ, ಉತ್ತರಕ್ಕೆ ಕಾಯದೆ ಹೊರಟುಹೋಗಿದ್ದ. ಈಗ ಕಾಯುತ್ತಿದ್ದ.

“ಓ…” ಎನ್ನಲು ಬಾಯಿ ತೆರೆದವಳ ಬಾಯನ್ನು ಮಮತಾ ಅಂಗೈಯಿಂದ ಮುಚ್ಚಿದಳು. “ನೋಡವ್ವ!”

ಶೇಂಗಾ ಹೊಲದ ನಡುವೆ ಬೇವಿನ ಕಾಂಡ ತೆಳ್ಳಗೆ ಮೂಡುತ್ತಿತ್ತು.

“ಅಪ್ಪ ಕಾಯ್ತಾ ಐತೆ. ನೀನು ‘ಓ’ ಅಂದ್ರೂ ಅದೇ ಉತ್ತರ ಆಗಿ ಬಾಕಿ ಮುಗೀತು. ಮಾತಾಡ್ಬೇಡ.”

“ಕೂಗ್ದಿದ್ರೆ ದಾರಿ ಹೆಂಗೆ ಸಿಗ್ತೈತೆ?” ಗಿರಿಯಮ್ಮ ಪಿಸುಗುಟ್ಟಿದಳು.

“ಗಿರೀ! ಇದ್ದೀಯೇನೇ?” ದನಿ ಒಡೆದಿತ್ತು. ಆಮೇಲೆ ಸಣ್ಣಗೆ, “ಬೇಡ ಬಿಡು, ಹಂಗಾದ್ರೆ…”

ಬೇವಿನ ಕಾಂಡ ಮಸುಕಾಯಿತು. ಅವನು ಕಾಯುವುದನ್ನು ಬಿಡುತ್ತಿದ್ದ.

ಗಿರಿಯಮ್ಮ ಎಳೆ ಬಡಿಯುವ ಮರದ ಹಲಗೆ ಕಿತ್ತುಕೊಂಡು ಬಾಗಿಲಿಗೆ ಓಡಿ ಕಂಬಕ್ಕೆ ಬಡಿಯತೊಡಗಿದಳು. ಟಕ್ಕು, ಟಕ್ಕು. ಅವನು ದಿನವೂ ಕೇಳುತ್ತಿದ್ದ ಸದ್ದು. ‘ಇದ್ದೇನೆ’ ಎನ್ನುವ ಸದ್ದೇ ಹೊರತು ಅವನು ಕೇಳಿದ್ದಕ್ಕೆ ಉತ್ತರವಲ್ಲ. ಹಲ್ಲು ಕಚ್ಚಿಕೊಂಡು, ಕಣ್ಣೀರು ಸುರಿಸುತ್ತ ಬಡಿದಳು.

“ಬಡೀತೀಯಲ್ಲ, ಬಾಯಿ ಬಿಟ್ಟು ಹೇಳೇ!”

ಹಲಗೆ ನಿಲ್ಲಲಿಲ್ಲ. ಗಂಟೆಗಳ ಸದ್ದು ಒಂದೇ ದಿಕ್ಕಿನಿಂದ ಬರತೊಡಗಿತು. ಬೇವು ಪೂರ್ತಿ ಕಂಡಿತು. ಅದರ ಬುಡ ಬಳಸಿ ಕುರಿಗಳು ಬಂದವು, ಹಿಂದೆ ಈರಬಸಪ್ಪ.

“ಏನಾಗೈತೆ ನಿಂಗೆ? ಗಂಟಲು ಹರಕೊಂಡ್ರೂ…”

ಗಿರಿಯಮ್ಮ ಅವನ ತೋಳು ಹಿಡಿದುಕೊಂಡಳು. ಮಾತಾಡಲಿಲ್ಲ. ಊಟಕ್ಕೆ ಬಡಿಸುವಾಗಲೂ ಇಲ್ಲ. ಮಮತಾ ವಿಷಯ ತಿಳಿಸಿದ ಮೇಲೆ ಅವನೂ ಸುಮ್ಮನಾದ, ಆದರೆ ಅವಳ ಮುಖ ನೋಡುವುದನ್ನು ಬಿಡಲಿಲ್ಲ.

ಮಾರನೆಯ ದಿನ ಬಿಸಿಲು ಬಂತು, ಗಂಜಿ ಆರಿತು. ಗಿರಿಯಮ್ಮ ಗುಂಡಿಗಿಳಿದು ಮೊದಲ ಅಡ್ಡ ಎಳೆ ಹಾಯಿಸಿ, ಹಲಗೆಯಿಂದ ಬಡಿದಳು. ಆಮೇಲೆ ತಲೆಯೆತ್ತಿದಳು.

“ಐತೆ,” ಎಂದಳು. “ನನ್ನ ಕೇಳ್ದೆ ಕರಿಯನ್ನ ಮಾರಿದ್ದಕ್ಕೆ ಸಿಟ್ಟು ಐತೆ.”

ಈರಬಸಪ್ಪ ಗುಂಡಿಯ ಅಂಚಿನಲ್ಲಿ ಕುಂತು, ಹಿಂದಿನ ದಿನ ಕಿತ್ತುಬಂದಿದ್ದ ಎಳೆಗಳನ್ನು ಒಂದೊಂದಾಗಿ ಹೊಸೆದು ಗಂಟು ಹಾಕತೊಡಗಿದ.