ನಲ್ಲಿಯ ಮುಂದೆ ಐದು ವರ್ಷ

ಅವರ ಬಲಭುಜ ಎಡಭುಜಕ್ಕಿಂತ ಎರಡು ಬೆರಳು ಕೆಳಗಿತ್ತು. ಭಾರದ ವೀಡಿಯೊ ಕ್ಯಾಮೆರಾ ಹೊತ್ತು ಮದುವೆಯಿಂದ ಮದುವೆಗೆ ತಿರುಗಿದ ಗುರುತು ಅದು. ತೊಂಬತ್ತರ ದಶಕದಲ್ಲಿ ಮುಂಬಯಿ ಪಕ್ಕದ ಡೊಂಬಿವಲಿಯಲ್ಲಿ ಸಾಲುಮನೆಗಳ ನಮ್ಮ ಚಾಳಿಗೆಲ್ಲ ಅವರು ಕ್ಯಾಮೆರಾ ಮಾಮ. ಊರು ಕುಂದಾಪುರದ ಕಡೆ; ಮದುವೆ ಶೂಟಿಂಗ್ ಬರೀ ಹೊಟ್ಟೆಪಾಡು. ಅವರ ಸಿನಿಮಾ ಬೇರೆಯೇ ಇತ್ತು. ಪ್ರತಿ ಭಾನುವಾರ ಬೆಳಿಗ್ಗೆ ತಮ್ಮ ಕಿಟಕಿಯಿಂದ ಚಾಳಿನ ನಲ್ಲಿಯನ್ನು ಹತ್ತು ನಿಮಿಷ ತೆಗೆಯುತ್ತಿದ್ದರು. ಕ್ಯಾಮೆರಾ ಅಲುಗಬಾರದು, ಕತೆ ಇರಬಾರದು. ಸಾಲು, ಕೊಡ, ಜಗಳ. ಹಿಂದೆ ಗದ್ದೆ, ಬರಬರುತ್ತಾ ಗದ್ದೆಯಿದ್ದಲ್ಲಿ ಬಿಲ್ಡಿಂಗು.

“ಹೀರೋ ಯಾವಾಗ ಬರ್ತಾನ್ರೀ?” ಎಂದು ಅವ್ವ ಕಾಡಿಸುತ್ತಿದ್ದಳು. ವಿಜಯಪುರದಿಂದ ಬಂದ ವಿಧವೆ ಅವಳು, ಅವೇ ಬಿಲ್ಡಿಂಗುಗಳಿಗೆ ಇಟ್ಟಿಗೆ ಹೊರುತ್ತಿದ್ದಳು.

“ನೀರು ಬರ್ತದಲ್ಲ ಮಾರಾಯ್ತಿ, ಅದೇ ಹೀರೋ.”

ಒಂದು ವರ್ಷ ಚಾಳು ಕೆಡವಿ ಬಿಲ್ಡಿಂಗ್ ಕಟ್ಟುವುದೆಂದಾಯಿತು. ಹಳೇ ಬಾಡಿಗೆದಾರರಿಗೆಲ್ಲ ಒಂದೊಂದು ಮನೆ. ಪಟ್ಟಿ ಮಾಡಿದ ಚಾಳಿನ ಸೆಕ್ರೆಟರಿ ಅವ್ವನ ಹೆಸರು ಬಿಟ್ಟು ತನ್ನ ಭಾವಮೈದುನನದನ್ನು ಸೇರಿಸಿದ. “ಈ ಹೆಂಗಸು ಇಲ್ಲಿ ಇದ್ದದ್ದೇ ಇಲ್ಲ. ಪ್ರೂಫ್ ಹೈ ಕ್ಯಾ?” ಎಂದ. ನಮ್ಮಲ್ಲಿ ರೇಷನ್ ಕಾರ್ಡೂ ಇರಲಿಲ್ಲ. ದಿನಾ ಅವ್ವನ ಕೈಯಲ್ಲಿ ತನ್ನ ಬಕೆಟ್ ತುಂಬಿಸಿಕೊಂಡವನು ಅವನು! ಅವನ ಮುಖ ಕಂಡರೆ ನನಗೆ ಇವತ್ತಿಗೂ ಮೈ ಉರಿಯುತ್ತದೆ.

ಅದೇ ತಿಂಗಳು ಅವನ ಮಗಳ ಮದುವೆ, ಶೂಟಿಂಗ್ ಮಾಮನದೇ. ಕಾಲೇಜಿಗೆ ಹೋಗುತ್ತಿದ್ದ ನಾನು ಮಾಮನ ಹತ್ತಿರ ಓಡಿದೆ. “ಅಕ್ಷತೆ ನಡುವೆ ನಿಮ್ಮ ನಲ್ಲಿ ಸಿನಿಮಾ ತೂರಿಸ್ರಿ ಮಾಮಾ. ಅವನ ಮಾನ ಹೋಗ್ಲಿ.”

ಮಾಮ ನನ್ನನ್ನೇ ಗದರಿದರು. “ಆ ಹುಡುಗಿ ಎಂತ ಮಾಡಿದಾಳೆ? ಅವಳ ಮದುವೆ ಹಾಳು ಮಾಡುದಲ್ಲ. ಕ್ಯಾಸೆಟ್ಟಿನ ಕೊನೆಗೆ ಜಾಗ ಉಳೀತದೆ, ಅಲ್ಲಿ ಹಾಕುವ.”

ಮದುವೆ ಕ್ಯಾಸೆಟ್ ಬಂದರೆ ಬೀಗರನ್ನು ಕರೆದು, ಚಾಳಿನವರನ್ನೂ ಕೂರಿಸಿಕೊಂಡು ನೋಡುವುದು ನಮ್ಮಲ್ಲಿ ವಾಡಿಕೆ. ಮದುಮಗಳನ್ನು ಕಳಿಸಿಕೊಡುವ ದೃಶ್ಯವೂ ಮುಗಿದು ಜನ ಏಳುವಷ್ಟರಲ್ಲಿ ಟೀವಿಯಲ್ಲಿ ನಲ್ಲಿ ಬಂತು. ಮಳೆಯಲ್ಲಿ ಅವ್ವ, ಬಿಸಿಲಲ್ಲಿ ಅವ್ವ, ಐದು ವರ್ಷದ ಭಾನುವಾರಗಳಿಂದ ಆರಿಸಿದ ಅವ್ವ. ಪಕ್ಕದಲ್ಲಿ ಬನಿಯನ್ ತೊಟ್ಟು ಬಕೆಟ್ ಚಾಚಿದ ಸೆಕ್ರೆಟರಿ.

“ಈ ಅಮ್ಮ ಯಾರು?” ಎಂದರು ಬೀಗರು. ಅವನು ಟೀವಿ ಆರಿಸಲು ಎದ್ದ. ಬೀಗರ ಜೊತೆ ಬಂದಿದ್ದ ಮಗಳೇ ಹೇಳಿದಳು: “ನಮ್ಮ ಚಾಳಿನವರೇ. ಪಪ್ಪನಿಗೆ ದಿನಾ ನೀರು ತುಂಬಿಸಿ ಕೊಡ್ತಾರೆ.”

ಅವ್ವನ ಹೆಸರು ಪಟ್ಟಿಗೆ ಬಂತು. ಆದರೆ ಸೆಕ್ರೆಟರಿ ಒಂದು ಕಲ್ಯಾಣ ಮಂಟಪವನ್ನೂ ಬಿಡದೆ “ಅವನು ಕ್ಯಾಸೆಟ್ಟಿನಲ್ಲಿ ನಲ್ಲಿ ತೋರಿಸ್ತಾನೆ” ಎಂದು ಸಾರಿ ಮಾಮನ ಅನ್ನ ಕಿತ್ತ. ಕ್ಯಾಮೆರಾವನ್ನೂ ಪಾಲಿಗೆ ಬಂದ ಮನೆಯನ್ನೂ ಮಾರಿಕೊಂಡ ಮಾಮ ದೂರದ ಐರೋಲಿಯ ಒಂದು ಬಾಡಿಗೆ ಖೋಲಿಯಲ್ಲಿ ತೀರಿಕೊಂಡರು. ಅದಕ್ಕೆ ಮುಂಚೆ ನಲ್ಲಿಯ ಕ್ಯಾಸೆಟ್ ನನ್ನ ಕೈಗಿಟ್ಟು, “ಜಗಳಕ್ಕಲ್ಲ, ನೋಡ್ಲಿಕ್ಕೆ” ಎಂದಿದ್ದರು.

ಅವರ ಆ ಒಂದು ಮಾತು ನಾನು ನಡೆಸಿಲ್ಲ. ಸೆಕ್ರೆಟರಿಯ ಮನೆ ನಮ್ಮ ಮೇಲಿನ ಮಹಡಿಯಲ್ಲಿದೆ, ಬಿಲ್ಡಿಂಗಿಗೆ ಲಿಫ್ಟಿಲ್ಲ. ಪ್ರತಿ ಭಾನುವಾರ ಅವನು ಹಾಲು ತರಲು ಇಳಿಯುವ ಹೊತ್ತಿಗೆ ನಾನು ಟೀವಿಯನ್ನು ಬಾಗಿಲ ಕಡೆ ತಿರುಗಿಸಿ ಮಾಮನ ಸಿನಿಮಾ ಹಾಕುತ್ತೇನೆ. ಅವನಿಗೆ ಈಗ ಮಂಡಿ ನೋವು, ಗೋಡೆ ನೋಡುತ್ತಾ ಇಳಿಯುತ್ತಾನೆ. ಟೀವಿಯಲ್ಲಿ ಅವ್ವ ಅವನ ಬಕೆಟ್ ತುಂಬಿಸುವ ಸದ್ದು ಪೂರ್ತಿ ಕೇಳಿಸುವಷ್ಟು ನಿಧಾನವಾಗಿ.